ಹೊಗೆ ಹಿಡಿಯದ ಕಾಯಿ

ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದ ಪುಟ್ಟಗಂಗಮ್ಮನ ಕೈ ಹಾಗೆಯೇ ನಿಂತುಬಿಟ್ಟಿತು.

ಒಳಗೆ ನೀರಿತ್ತು.

ಇನ್ನೊಮ್ಮೆ ಅಲ್ಲಾಡಿಸಿದಳು. ಗುಳುಗುಳು. ಅನುಮಾನವೇ ಇಲ್ಲ. ತಿಂಗಳುಗಟ್ಟಲೆ ಅಟ್ಟದ ಮೇಲೆ ಕೂತು ಒಲೆಯ ಹೊಗೆ ಕುಡಿದ ಕಾಯಿಯೊಳಗೆ ನೀರು ಇಂಗಿಹೋಗಿ, ಕೊಬ್ಬರಿ ಕರಟ ಬಿಟ್ಟು, ಲೊಟಲೊಟ ಎಂದು ಉರುಳಬೇಕು. ಬೆಳಗಿನಿಂದ ಅವಳು ಒಡೆದ ಎಪ್ಪತ್ತು ಎಂಬತ್ತು ಕಾಯಿಯೂ ಹಾಗೇ ಸದ್ದು ಮಾಡಿದ್ದವು. ಇದೊಂದು ಹಸಿಕಾಯಿ.

ಅವಳು ಮಚ್ಚನ್ನು ಕೆಳಗಿಟ್ಟಳು.

ಭೈರಮ್ಮನ ಮನೆ ಮುಂದಿನ ಹೊಂಗೆ ಮರದ ನೆರಳಲ್ಲಿ ಆರು ಜನ ಹೆಂಗಸರು ಕೂತು ಕೊಬ್ಬರಿ ಒಡೆಯುತ್ತಿದ್ದರು. ಯುದ್ಧ ಶುರುವಾಗಿ ಅವತ್ತಿಗೆ ಹನ್ನೆರಡನೆಯ ದಿನ. ಕೆಂಗಲ್ಲಪಾಳ್ಯದಿಂದ ಜವಾನರಿಗೆಂದು ಎರಡು ಮೂಟೆ ಉಂಡೆ ಕೊಬ್ಬರಿ ಸಂಜೆ ನಾಲ್ಕರ ಬಸ್ಸಿಗೆ ತಿಪಟೂರಿಗೆ ಹೋಗಬೇಕಿತ್ತು. ಗೋಣಿಚೀಲದ ಮೇಲೆ ಶಾಲೆಯ ಮೇಷ್ಟ್ರು ನೀಲಿಯಲ್ಲಿ ದಪ್ಪಕ್ಷರ ಬರೆದುಕೊಟ್ಟಿದ್ದರು.

"ಅಲ್ಲಾ ಹುಚ್ಚಣ್ಣ, ನಾನ್ ಒಡೆದ ಕೊಬ್ರಿ ತಿಂದು ಯಾವನಾದ್ರೂ ಜವಾನ ನನ್ನ ಹುಡುಕ್ಕೊಂಡು ಬಂದ್ರೆ ಏನ್ ಮಾಡ್ತೀಯ?" ಎಂದಳು ರಾಮಕ್ಕ.

ನೆಟ್ಟ ಹಾರೆಗೆ ಕಾಯಿ ಕುಟ್ಟಿ ಸಿಪ್ಪೆ ಸುಲಿಯುತ್ತಿದ್ದ ಅವಳ ಗಂಡ ಹುಚ್ಚಣ್ಣ ತಲೆ ಎತ್ತಲಿಲ್ಲ. "ಬಸ್ ಚಾರ್ಜ್ ಕೊಟ್ಟು ಕಳಿಸ್ತೀನಿ ಬುಡು. ನಿನ್ ಜೊತೇಗೇ."

ಹೆಂಗಸರು ನಕ್ಕರು. ನಗು ಬೇಗ ನಿಂತಿತು. ಎದುರು ಮನೆಯ ಜಗಲಿಯ ಮೇಲೆ ಕೂತಿದ್ದವರ ಕಡೆ ಎಲ್ಲರ ಕಣ್ಣೂ ಹೋದವು.

ಅದು ಕೆಂಚಯ್ಯನ ಮನೆ. ಭೈರಮ್ಮನ ಸತ್ತ ಗಂಡನ ತಮ್ಮ ಅವನು. ಜಗಲಿಯ ಮೇಲೆ ತುರುವೇಕೆರೆಯಿಂದ ಬಂದ ಪೋಸ್ಟ್ ಇನ್‌ಸ್ಪೆಕ್ಟರ್ ವೆಂಕಟಯ್ಯ ಕಾಗದ ಹರಡಿಕೊಂಡಿದ್ದರು. ಅವರ ಮಗ್ಗುಲಲ್ಲಿ ಒಂದು ಖಾಕಿ ಅಂಚೆ ಚೀಲ. ಕೆಳಗೆ, ಮೆಟ್ಟಿಲ ಪಕ್ಕದ ಮಣ್ಣಿನಲ್ಲಿ, ಇಪ್ಪತ್ತೆರಡು ವರ್ಷ ಆ ಚೀಲ ಹೊತ್ತ ಮಾರಯ್ಯ ಮೊಣಕಾಲು ಕಟ್ಟಿಕೊಂಡು ಕೂತಿದ್ದ.

ಮಾರಯ್ಯ ಪುಟ್ಟಗಂಗಮ್ಮನ ಸೋದರಮಾವ. ತಾಯಿ ತೀರಿಕೊಂಡ ಮೇಲೆ ಅವಳನ್ನು ಸಾಕಿದವನು ಅವನೇ.

ಭೈರಮ್ಮನ ಮಗ ಬೀರಲಿಂಗ ಸೈನ್ಯದಲ್ಲಿದ್ದ. ಹೋದ ಬುಧವಾರ ಅವನ ಮನೆಗೆ ಬಂದ ತಂತಿ ಎಲ್ಲಿ ಹೋಯಿತು ಎಂಬುದೇ ಈಗಿನ ತನಿಖೆ.

ಮಾರಯ್ಯ ನಿನ್ನೆಯೇ ತಪ್ಪು ಒಪ್ಪಿಕೊಂಡಿದ್ದ. ಇಷ್ಟು ವರ್ಷದಲ್ಲಿ ಅವನು ಈ ಊರಿಗೆ ಹನ್ನೊಂದು ತಂತಿ ತಂದಿದ್ದ. ಹನ್ನೊಂದೂ ಸಾವಿನವು. ಹನ್ನೆರಡನೆಯದನ್ನು ಹಿಡಿದು ಭೈರಮ್ಮನ ಬಾಗಿಲಿಗೆ ಬಂದಾಗ ಒಳಗಿನಿಂದ ಸೊಸೆ ಸುವರ್ಣಮ್ಮನ ಬಳೆಯ ಸದ್ದು ಕೇಳಿತ್ತು. ಎಂಟು ತಿಂಗಳ ಬಸುರಿಗೆ ತೊಡಿಸಿದ ಹಸಿರು ಬಳೆ. ಆ ಬಳೆಯ ಕೈಗೆ ತಂತಿ ಕೊಡಲು ಅವನಿಂದ ಆಗಲಿಲ್ಲ. ಜಗಲಿಯ ಮೇಲೆ ರಾಗಿ ಹರವಿದ್ದ ಮೊರದಲ್ಲಿ ಲಕೋಟೆ ಇಟ್ಟು, ರಸೀತಿಯ ಮೇಲೆ ಭೈರಮ್ಮನ ಹೆಬ್ಬೆಟ್ಟಿನ ಜಾಗದಲ್ಲಿ ತನ್ನದೇ ಹೆಬ್ಬೆಟ್ಟು ಒತ್ತಿ, ತಿರುಗಿ ನೋಡದೆ ನಡೆದುಬಿಟ್ಟಿದ್ದ.

ಮೊರ ಇತ್ತು. ರಾಗಿ ಇತ್ತು. ತಂತಿ ಮಾತ್ರ ಇರಲಿಲ್ಲ.

"ಯಾವ ತಂತಿಯೂ ನಮ್ಮನೆಗೆ ಬಂದಿಲ್ಲ ಸ್ವಾಮಿ" ಎಂದು ಮೊದಲು ಹೇಳಿಕೆ ಕೊಟ್ಟವನು ಕೆಂಚಯ್ಯ. ಭೈರಮ್ಮ ಹೌದೆಂದು ತಲೆಯಾಡಿಸಿದ್ದಳು. ಸುವರ್ಣಮ್ಮ ತಲೆ ಬಗ್ಗಿಸಿಕೊಂಡಿದ್ದಳು.

"ಸೈನ್ಯದ ಕಚೇರಿಯಿಂದ ಕೇಳಿದ್ದಾರೆ. ತಂತಿಗೆ ಉತ್ತರ ಯಾಕೆ ಬಂದಿಲ್ಲ ಅಂತ" ಎಂದಿದ್ದರು ವೆಂಕಟಯ್ಯ. "ಅದರ ನಕಲಿಗೆ ಬರೆದಿದ್ದೇನೆ. ಈ ಗಲಾಟೆಯಲ್ಲಿ ಯಾವಾಗ ಬರುತ್ತೋ. ಯುದ್ಧಕಾಲದಲ್ಲಿ ಸೈನ್ಯದ ತಂತಿ ಹಾಳುಮಾಡಿದ್ದು ಅಂದರೆ ಕೆಲಸ ಹೋಗೋದು ಮಾತ್ರ ಅಲ್ಲ ಮಾರಯ್ಯ. ನಾಳೆ ನಾಲ್ಕರ ಬಸ್ಸಿಗೆ ನನ್ನ ಜೊತೆ ಬರಬೇಕಾಗುತ್ತೆ. ಸ್ಟೇಷನ್ನಿಗೆ."

ಆ ನಾಳೆ ಇವತ್ತು. ಹೊಂಗೆಯ ನೆರಳು ಆಗಲೇ ಬುಡದಿಂದ ಒಂದು ಮಾರು ದೂರ ಸರಿದಿತ್ತು.

ಪುಟ್ಟಗಂಗಮ್ಮ ಹಸಿಕಾಯಿಯನ್ನು ಹಿಡಿದು ಹುಚ್ಚಣ್ಣನ ಬಳಿಗೆ ಹೋದಳು. ಅವಳು ಗಂಡಸರ ಜೊತೆ ಮಾತಾಡುವುದು ಅಪರೂಪ. ಹುಚ್ಚಣ್ಣ ಸುಲಿಯುವುದನ್ನು ನಿಲ್ಲಿಸಿದ.

"ಹುಚ್ಚಣ್ಣ, ಈ ಕಾಯಿ ಯಾವ ಕುಕ್ಕೇದು?"

"ಯಾಕವ್ವ?"

"ಹಸಿ ಐತೆ."

ಅವನು ಕಾಯಿಯನ್ನು ಕಿವಿಗೆ ಹಿಡಿದ. ಹುಬ್ಬು ಗಂಟಾಯಿತು. "ಅದಾ! ಸುಲೀವಾಗ್ಲೇ ಅನ್ಕಂಡೆ ಕಣವ್ವ. ಬೀರಲಿಂಗನ ರಾಶೀಲಿ ಬಂದದ್ದು. ಕಡೇ ಕುಕ್ಕೆ. ಮಿಕ್ಕವೆಲ್ಲ ಮಸಿ ಹಿಡಿದು ಕೈಯೆಲ್ಲ ಕಪ್ಪು ಮಾಡಿದ್ವು. ಇದ್ರ ಸಿಪ್ಪೆ ನೋಡು, ಹೊಗೇನೇ ಹಿಡಿದಿಲ್ಲ."

ಸುಲಿದ ಸಿಪ್ಪೆಯ ಗುಡ್ಡೆಯಿಂದ ಅವನು ಒಂದು ತುಂಡು ಎತ್ತಿ ತೋರಿಸಿದ. ಉಳಿದದ್ದೆಲ್ಲ ಕಾಡಿಗೆಯಂತಿದ್ದರೆ ಇದು ಹಸಿರು ಮಾಸದ ಕಂದು. ಒಂದು ಪಕ್ಕದಲ್ಲಿ ಮಾತ್ರ ಬೆರಳಿಗೆ ಹತ್ತುವಷ್ಟು ಮಸಿ.

ಬೀರಲಿಂಗನ ರಾಶಿ ಎಂದರೆ ಊರಿಗೆಲ್ಲ ಗೊತ್ತು. ಹೋದ ಯುಗಾದಿ ಕಳೆದು ರಜೆ ಮುಗಿಸಿ ಹೊರಡುವಾಗ ಅವನೇ ಕಿತ್ತು ಅಟ್ಟಕ್ಕೇರಿಸಿದ ಕಾಯಿ. ಅವನು ತಿರುಗಿ ಬಂದಾಗಲೇ ಒಡೆಯುವುದೆಂದು ಭೈರಮ್ಮ ಒಂದು ಮೂಲೆಯಲ್ಲಿ ಬೇರೆ ಒಟ್ಟಿಸಿದ್ದಳು. ಯಾರೂ ಮುಟ್ಟುವ ಹಾಗಿರಲಿಲ್ಲ. ನಿನ್ನೆ ಇದ್ದಕ್ಕಿದ್ದಂತೆ, "ಅದನ್ನೂ ಜವಾನರ ಮೂಟೆಗೆ ಹಾಕಿ" ಎಂದಿದ್ದಳು. ಕೆಂಚಯ್ಯ ಅಟ್ಟ ಹತ್ತಿ ಕುಕ್ಕೆ ಬುಟ್ಟಿಗಳಲ್ಲಿ ತುಂಬಿ ಇಳಿಸಿಕೊಟ್ಟಿದ್ದ. ಅಟ್ಟವನ್ನು ಪೂರ್ತಿ ಬರಿದು ಮಾಡಬಾರದೆಂದು ಅಡಿಯಲ್ಲಿ ನಾಲ್ಕೈದು ಕಾಯಿ ಬಿಟ್ಟಿದ್ದ.

ರಾಶಿಯನ್ನು ಮೇಲಿನಿಂದ ಇಳಿಸುತ್ತಾರೆ. ಕಡೇ ಕುಕ್ಕೆ ಎಂದರೆ ರಾಶಿಯ ಅಡಿ.

ಎಂಟು ತಿಂಗಳ ಹಿಂದೆ ಒಟ್ಟಿದ ರಾಶಿಯ ಅಡಿಗೆ, ಮೊನ್ನೆ ಮೊನ್ನೆ ಕಿತ್ತ ಕಾಯಿ ಹೋಗುವುದು ಹೇಗೆ?

ಪುಟ್ಟಗಂಗಮ್ಮ ಮನೆಯ ಪಕ್ಕದ ಓಣಿಗೆ ತಿರುಗಿದಳು. ನಿನ್ನೆಯೇ ಅವಳ ಕಣ್ಣಿಗೆ ಬಿದ್ದು, ಅರ್ಥವಾಗದೆ ಉಳಿದಿದ್ದ ಇನ್ನೊಂದು ವಸ್ತು ಅಲ್ಲಿತ್ತು. ಬೂದಿಗುಂಡಿಯ ಅಂಚಿನಲ್ಲಿ, ಸಿಪ್ಪೆ ಸುಟ್ಟು ಕರಟ ಕರಿಕಾದ ಒಂದು ಇಡೀ ಕಾಯಿ. ಒಡೆದದ್ದಲ್ಲ. ಸಿಪ್ಪೆಗೂ ಕರಟಕ್ಕೂ ಲೆಕ್ಕವಿಲ್ಲದ ಈ ಸೀಮೆಯಲ್ಲಿ ಇಡೀ ಕಾಯಿಯನ್ನು ಒಲೆಗೆ ಹಾಕುವ ಹೆಂಗಸು ಹುಟ್ಟಿಲ್ಲ. ಅದನ್ನು ಒಲೆಗೆ ಹಾಕಿರಲಿಲ್ಲ. ಅದು ಒಲೆಗೆ ಬಿದ್ದಿತ್ತು. ಅಟ್ಟದಿಂದ.

ಅವಳು ಕಾಲಿನಿಂದ ಅದನ್ನು ಮೆಲ್ಲಗೆ ಉರುಳಿಸಿದಳು. ಒಳಗೆ ಕೊಬ್ಬರಿ ಲೊಟ ಎಂದಿತು.

ಒಂದು ಒಣಕಾಯಿ ಕೆಳಗೆ ಬಿದ್ದಿದೆ. ಅದರ ಜಾಗಕ್ಕೆ ಒಂದು ಹಸಿಕಾಯಿ ಹೋಗಿದೆ. ಮೇಲೆ ಹತ್ತಿದವರಾದರೆ ರಾಶಿಯ ನೆತ್ತಿಯ ಮೇಲೆ ಇಡುತ್ತಿದ್ದರು. ಇದನ್ನು ಇಟ್ಟವರು ಅಟ್ಟ ಹತ್ತಿಲ್ಲ. ಅಡುಗೆಮನೆಯಲ್ಲೇ ನಿಂತು, ಕೆಳಗಿನಿಂದ, ಅಟ್ಟಕ್ಕೆ ಹಾಸಿದ ಬಿದಿರು ದಬ್ಬೆಗಳ ಸಂದಿನಲ್ಲಿ ತೂರಿಸಿದ್ದಾರೆ.

ಏಣಿ ಇರುವ ಮನೆಯಲ್ಲಿ ಏಣಿ ಹತ್ತದವರು ಯಾರು?

ಉತ್ತರ ಗೊತ್ತಾದಾಗ ಅವಳಿಗೆ ಸಂತೋಷವಾಗಲಿಲ್ಲ.

* * *

ಅಡುಗೆಮನೆಯಲ್ಲಿ ಸುವರ್ಣಮ್ಮ ಒಲೆಯ ಮುಂದೆ ಮಣೆ ಹಾಕಿಕೊಂಡು ಹುರುಳಿ ಆರಿಸುತ್ತಿದ್ದಳು. ಇಪ್ಪತ್ತು ವರ್ಷ. ಹುಳಿಯಾರು ಕಡೆಯ ಹುಡುಗಿ. ಮದುವೆಯಾದ ಒಂದೂವರೆ ವರ್ಷದಲ್ಲಿ ಗಂಡನ ಜೊತೆ ಇದ್ದದ್ದು ಎರಡು ರಜೆ.

"ಬಾ ಗಂಗಕ್ಕ. ನೀರು ಬೇಕಿತ್ತಾ?"

ಪುಟ್ಟಗಂಗಮ್ಮ ಅವಳ ಮುಂದೆ ಕೂತು ಹಸಿಕಾಯಿಯನ್ನು ನೆಲದ ಮೇಲಿಟ್ಟಳು.

ಸುವರ್ಣಮ್ಮ ಅದನ್ನು ನೋಡಿದಳು. ಆಮೇಲೆ ತಲೆ ಎತ್ತಿ ಅಟ್ಟದ ಕಡೆ ನೋಡಲಿಲ್ಲ. ನೋಡದಿರಲು ಅವಳು ಪಟ್ಟ ಕಷ್ಟ ಪುಟ್ಟಗಂಗಮ್ಮನಿಗೆ ಕಂಡಿತು.

"ರಾಶೀಲಿ ಸಿಕ್ತು ಸುವರ್ಣ."

"ಹಿತ್ತಲ ಕಾಯಿ ಬೆರೆತೋಗಿರ್ಬೇಕು."

"ಅಡೀಲಿ ಇತ್ತು."

"ಕೆಂಚಣ್ಣ ಮಾವ ಇಳಿಸ್ದಾಗ..."

"ಕೆಂಚಣ್ಣ ಇಳಿಸ್ದೋನು. ಏರಿಸ್ದೋನಲ್ಲ." ಪುಟ್ಟಗಂಗಮ್ಮನ ದನಿ ತಗ್ಗಿತು. "ಬೂದಿಗುಂಡೀಲಿ ಒಂದು ಕಾಯಿ ಸುಟ್ಟು ಬಿದ್ದೈತೆ. ಮೇಲಿಂದ ಒಲೇಗೆ ಬಿತ್ತಲ್ವಾ? ನೀನು ದಬ್ಬೆ ಸರಿಸ್ದಾಗ?"

ಹುರುಳಿ ಆರಿಸುವ ಬೆರಳು ನಿಂತಿತು.

"ನೀನು ನನ್ನ ಕೇಳಕ್ಕೆ ಬಂದಿದ್ದೀಯಾ, ಹಿಡಿದು ಕೊಡಕ್ಕೆ ಬಂದಿದ್ದೀಯಾ?"

"ಮಾವನ್ನ ನಾಲ್ಕ್ ಗಂಟೆ ಬಸ್ಸಿಗೆ ಕರ್ಕೊಂಡು ಹೋಗ್ತಾರೆ."

"ಗೊತ್ತು."

"ಗೊತ್ತಿದ್ದೂ ಸುಮ್ನಿದ್ದೀಯಲ್ಲ!"

ಸುವರ್ಣಮ್ಮ ಥಟ್ಟನೆ ತಿರುಗಿದಳು. "ಎಷ್ಟು ಸಲ ಬಾಗಿಲ್ ತಂಕ ಹೋಗಿ ವಾಪಸ್ ಬಂದೆ ಅಂತ ನಿಂಗೇನ್ ಗೊತ್ತು? ಬೆಳಗ್ಗೆಯಿಂದ ಮಾರಣ್ಣ ಆ ಮಣ್ಣಲ್ಲಿ ಕೂತವ್ರೆ. ನಂಗೆ ಕಣ್ಣಿಲ್ವಾ?"

ಅವಳ ಉಸಿರು ಏರಿತು. ಒಂದು ಕೈ ಹೊಟ್ಟೆಯ ಮೇಲೆ ಹೋಯಿತು. ಪುಟ್ಟಗಂಗಮ್ಮ ಎದ್ದು ಗಡಿಗೆಯಿಂದ ನೀರು ಬಗ್ಗಿಸಿ ಕೊಟ್ಟಳು. ಸುವರ್ಣಮ್ಮ ಕುಡಿದು ಚೊಂಬನ್ನು ಮಡಿಲಲ್ಲೇ ಇಟ್ಟುಕೊಂಡಳು.

"ಮೊರದಾಗೆ ಇತ್ತು. ರಾಗಿ ಮೇಲೆ. ಕೈಗೆ ತಗೊಂಡೆ. ನಂಗೆ ಇಂಗ್ಲಿಷ್ ಬರಕಿಲ್ಲ ಗಂಗಕ್ಕ, ಆದ್ರೆ ತಂತಿ ಅಂತ ಗೊತ್ತಾಗಕಿಲ್ವಾ? ನಮ್ಮಪ್ಪ ಸತ್ತ ತಂತಿ ಬಂದಾಗ ಹಿಂಗೇ ಇತ್ತು ಕವರು."

"ಒಡೀಲಿಲ್ವಾ?"

"ಇಲ್ಲ." ಅವಳು ಗೋಡೆಯ ಕಡೆ ನೋಡುತ್ತ ಹೇಳಿದಳು. "ಒಡೆದ್ರೆ ಅವ್ರು ಹೋದ್ರು. ಒಡೀದಿದ್ರೆ ಇನ್ನೂ ಅವ್ರೆ. ಮಗು ಹುಟ್ಟೋಗಂಟ ಅವ್ರು ಇರ್ಲಿ ಅನ್ಕಂಡೆ. ಆಮೇಲೆ ನಾನೇ ಕೊಡ್ತಿದ್ದೆ. ಬಳೆ ತೆಗೀರಿ ಅಂತ ನಾನೇ ಕೈ ಚಾಚ್ತಿದ್ದೆ. ಅತ್ತೇನೂ... ಅತ್ತೆ ದಿನಾ ಸಂಜೆ ರೇಡಿಯೋ ಕೇಳಕ್ಕೆ ಪಂಚಾಯ್ತಿ ಕಟ್ಟೆ ಹತ್ರ ಹೋಗಿ ನಿಂತ್ಕತಾರೆ. ಹೆಸ್ರು ಓದಲ್ಲ ಅಂತ ಎಷ್ಟು ಹೇಳಿದ್ರೂ ಕೇಳಲ್ಲ. ಅವ್ರಿಗೆ ನಾನು ಹೆಂಗೆ ಕೊಡ್ಲಿ ಹೇಳು."

"ಕಾಯಿ?"

"ದಬ್ಬೆ ಕಟ್ಟು ಸಡ್ಲ ಐತೆ ಅಲ್ಲಿ. ಸರಿಸಿ ಕಾಗ್ದ ತೂರಿಸ್ದೆ. ಒಂದು ಕಾಯಿ ಉರುಳಿ ಉರೀತಿದ್ದ ಒಲೇಗೇ ಬಿತ್ತು. ಸಿಪ್ಪೆ ಧಗ್ ಅಂತು. ಅತ್ತೆ ಆ ರಾಶೀನ ದಿನಾ ಕಣ್ಣಲ್ಲೇ ಎಣಿಸ್ತಾರೆ. ಹಿತ್ಲಲ್ಲಿ ಬಿದ್ದಿದ್ದ ಒಂದನ್ನ ತಂದು ಆ ಸಂದಿಗೇ ಇಟ್ಟೆ."

ಪುಟ್ಟಗಂಗಮ್ಮನಿಗೆ ಬೈಯಬೇಕೆಂದಿತ್ತು. ಹೊರಗೆ ಮಣ್ಣಿನಲ್ಲಿ ಕೂತವನ ಬೆನ್ನು ಕಣ್ಣ ಮುಂದಿತ್ತು. ಆದರೆ ತಾನೂ ಆ ಮೊರದ ಮುಂದೆ ನಿಂತಿದ್ದರೆ? ಮಾರಯ್ಯ ಮಾವ ಬಾಗಿಲಲ್ಲಿ ಮಾಡಿದ್ದೂ ಇದೇ ಅಲ್ಲವೇ? ಒಬ್ಬ ಮೊರದಲ್ಲಿಟ್ಟ. ಒಬ್ಬಳು ಅಟ್ಟದಲ್ಲಿಟ್ಟಳು.

"ಸುವರ್ಣ, ಒಂದ್ ಮಾತು. ಸತ್ತೋರ ತಂತಿಗೆ ಯಾರಾದ್ರೂ ಉತ್ತರ ಕೇಳ್ತಾರಾ?"

ಸುವರ್ಣಮ್ಮನಿಗೆ ಮೊದಲು ಅರ್ಥವಾಗಲಿಲ್ಲ.

"ಉತ್ರ ಯಾಕೆ ಬಂದಿಲ್ಲ ಅಂತ ಸೈನ್ಯದೋರು ಕೇಳವ್ರಂತೆ. ಇನ್‌ಸ್ಪೆಕ್ಟ್ರು ಹೇಳಿದ್ದು ನಾನೇ ಕೇಳಿಸ್ಕೊಂಡೆ. ಮಾವ ತಂದ ಹನ್ನೊಂದು ತಂತೀಗೂ ಯಾರೂ ಉತ್ರ ಬರೀಲಿಲ್ಲ. ಯಾರೂ ಕೇಳ್ಲೂ ಇಲ್ಲ."

ಸುವರ್ಣಮ್ಮ ಚೊಂಬನ್ನು ಮಡಿಲಿನಿಂದ ಕೆಳಗಿಟ್ಟಳು. ಅವಳು ಗೋಡೆ ಹಿಡಿದು ಎದ್ದು, ಮೊದಲ ಸಲ ಅಟ್ಟದ ಕಡೆ ಕೈ ತೋರಿಸಿದಳು.

ಎತ್ತರದವರಿಗೆ ತಲೆ ತಗಲುವಷ್ಟು ತಗ್ಗಿನ ಅಟ್ಟ. ಪುಟ್ಟಗಂಗಮ್ಮ ಮೂರನೆಯ ದಬ್ಬೆಯನ್ನು ಸರಿಸಿ ಕೈ ತೂರಿಸಿದಳು. ಬಿಟ್ಟಿದ್ದ ಕಾಯಿಗಳು ಬೆರಳಿಗೆ ತಗಲಿದವು. ಅವುಗಳ ಕೆಳಗೆ ಕಾಗದ.

ಆರು ದಿನದ ಹೊಗೆಗೆ ಕಂದು ಲಕೋಟೆಯ ಅಂಚು ಇನ್ನೂ ಕಂದಾಗಿತ್ತು. ಮೇಲೆ ಭೈರಮ್ಮನ ಹೆಸರು. ಬುಧವಾರ ಚೀಲದಿಂದ ತೆಗೆದು ಆ ಹೆಸರನ್ನು ಮಾವನಿಗೆ ಓದಿ ಹೇಳಿದವಳು ಅವಳೇ. ಆರನೇ ಕ್ಲಾಸಿಗೆ ಶಾಲೆ ಬಿಟ್ಟರೂ ಇಂಗ್ಲಿಷ್ ವಿಳಾಸದ ಕಾಗದಗಳನ್ನೆಲ್ಲ ಅವನಿಗೆ ಓದಿಕೊಡುತ್ತಿದ್ದದ್ದು ಅವಳು. ಮಾರನೆಯ ದಿನ, ಗುರುವಾರ, ಚೀಲದಲ್ಲಿ ಇನ್ನೊಂದು ಕಾಗದವೂ ಇತ್ತು. ಸೈನ್ಯದ ಅಂಚೆಯ ಮುದ್ರೆ. ಬೀರಲಿಂಗನ ಅಕ್ಷರವಲ್ಲ. ವಿಳಾಸ ಕೆಂಚಯ್ಯನದು. ಬೀರಲಿಂಗ ತಾಯಿಗಲ್ಲದೆ ಯಾರಿಗೂ ಬರೆದವನಲ್ಲ. ಆ ಕಾಗದ ಯಾರದು ಎಂದು ಅವತ್ತಿನಿಂದ ಅವಳಿಗೆ ಒಂದು ಕೊರೆತ ಇದ್ದೇ ಇತ್ತು.

ಈಗ ಅವಳು ಲಕೋಟೆಯನ್ನು ತಿರುಗಿಸಿದಳು.

ಅಂಚೆಯ ಗೋಂದು ಒಣಗಿದರೆ ಗಾಜಿನ ಹಾಗೆ ಹೊಳೆಯುತ್ತದೆ. ಇಲ್ಲಿ ಮುಚ್ಚಳದ ಅಂಚಿನಲ್ಲಿ ಒಣಗಿದ್ದದ್ದು ಹೊಳೆಯುತ್ತಿರಲಿಲ್ಲ. ಕಂದು ಬಣ್ಣ, ಒರಟು. ಉಗುರಿನಿಂದ ಕೆರೆದಳು. ಪುಡಿ ಉದುರಿತು. ಮೂಸಿದಳು.

ರಾಗಿ ಅಂಬಲಿ.

"ಸುವರ್ಣ, ನೀನು ಒಡೀಲಿಲ್ಲ ಅಂದೆಯಲ್ಲ?"

"ಇಲ್ಲ ಕಣೇ ಗಂಗಕ್ಕ! ನನ್ನ ಹೊಟ್ಟೇಲಿರೋದ್ರ ಆಣೆ."

"ಯಾರೋ ಒಡೆದವ್ರೆ. ಓದವ್ರೆ. ಮತ್ತೆ ಅಂಟ್ಸಿ ಅದೇ ಜಾಗದಾಗೆ ಇಟ್ಟವ್ರೆ."

"ನಾನೇ ಕಣವ್ವ."

ಇಬ್ಬರೂ ತಿರುಗಿದರು. ಹಿತ್ತಲ ಬಾಗಿಲಲ್ಲಿ ಭೈರಮ್ಮ ನಿಂತಿದ್ದಳು. ಸೆರಗಿನ ತುಂಬ ಸೌದೆಯ ಪುರಲೆ. ಎಷ್ಟು ಹೊತ್ತಿನಿಂದ ನಿಂತಿದ್ದಳೋ.

* * *

ಭೈರಮ್ಮ ಪುರಲೆಯನ್ನು ಒಲೆಯ ಪಕ್ಕ ಸುರಿದಳು. ಒಂದೊಂದಾಗಿ ಜೋಡಿಸಿದಳು.

"ಗುರುವಾರ ಬೂದಿ ಚೆಲ್ಲಕ್ಕೆ ಹೋದೆ. ಸುಟ್ಟ ಕಾಯಿ ಕಂಡ್ತು. ಒಳಕ್ಕೆ ಬಂದು ತಲೆ ಎತ್ತಿ ನೋಡಿದ್ರೆ ದಬ್ಬೆ ಸಂದೀಲಿ ಕಾಗ್ದದ ಮೂಲೆ. ನನ್ನ ಸೊಸೆ ಬಿಟ್ರೆ ಇನ್ಯಾರು ಇಟ್ಟಾರು?"

"ಅತ್ತೆ..."

"ನೀನು ನಂಗೋಸ್ಕರ ಬಚ್ಚಿಟ್ಟಿದ್ದೆ ಅಂತ ತಿಳೀತು ಕಣೇ ಮಗ. ಅದಕ್ಕೇ ನಿಂಗೋಸ್ಕರ ನಾನೂ ಬಾಯಿ ಮುಚ್ಕಂಡೆ. ಗೊತ್ತಾಯ್ತು ಅಂತ ನಿಂಗೆ ಗೊತ್ತಾಗ್ಬಾರ್ದು ಅಂತ ಇದ್ದ ಜಾಗಕ್ಕೇ ವಾಪಸ್ ಇಟ್ಟೆ."

ಐದು ದಿನ ಆ ಎರಡು ಜೀವ ಒಂದೇ ಒಲೆಯ ಮುಂದೆ ಕೂತು, ಒಂದೇ ಅಟ್ಟದ ಕೆಳಗೆ ಮುದ್ದೆ ಮುರಿದಿದ್ದವು. ಒಬ್ಬರ ಎದುರು ಒಬ್ಬರು ನಕ್ಕಿದ್ದವು. ಪುಟ್ಟಗಂಗಮ್ಮನಿಗೆ ನಿನ್ನೆಯ ಮಾತು ನೆನಪಾಯಿತು. ಅದನ್ನೂ ಜವಾನರ ಮೂಟೆಗೆ ಹಾಕಿ. ಬರುವವನಿಗಾಗಿ ಇಟ್ಟ ರಾಶಿಯನ್ನು ಭೈರಮ್ಮ ಯಾಕೆ ಕೊಟ್ಟಳೆಂದು ಈಗ ತಿಳಿಯಿತು.

ಸುವರ್ಣಮ್ಮನಿಗೂ ತಿಳಿದಿರಬೇಕು. ಅವಳು ಗೋಡೆಗೊರಗಿ ಹಾಗೇ ಕುಸಿದಳು. ಭೈರಮ್ಮ ಓಡಿ ಅವಳನ್ನು ತಬ್ಬಿಕೊಂಡಳು.

"ತಂತೀಲಿ ಏನಿತ್ತು ದೊಡ್ಡವ್ವ?"

"ಏನಿರ್ತದೆ? ಹೋದ ಅಂತ."

"ಓದಿದ್ದು ಯಾರು?"

ಭೈರಮ್ಮ ಸೊಸೆಯ ಬೆನ್ನು ಸವರಿದಳು. "ಕೆಂಚ. ಶುಕ್ರವಾರ ತುರುವೇಕೆರೆಗೆ ತಗೊಂಡು ಹೋಗಿ ಯಾರ್ ಹತ್ರಾನೋ ಓದಿಸ್ಕೊಂಡು ಬಂದ. ನನ್ನ ಮುಖ ನೋಡ್ನಿಲ್ಲ. 'ಮುಗೀತು ಅತ್ಗೆ. ಇದನ್ನ ಒಲೇಗೆ ಹಾಕು. ಹುಡುಗಿ ಹೆರಿಗೆ ಆಗೋಗಂಟ ಯಾರ್ಗೂ ಉಸ್ರಬೇಡ' ಅಂದ. ಮಗನ ಹೆಸ್ರು ಇರೋ ಕಾಗ್ದಾನ ಒಲೇಗೆ ಹೆಂಗವ್ವ ಹಾಕ್ಲಿ? ಹಾಕ್ದೆ ಅಂತ ಅವ್ನಿಗೆ ಸುಳ್ ಹೇಳ್ದೆ."

"ಹಂಗಾದ್ರೆ ಮಾವನ ಗತಿ?"

"ಅದೊಂದು ನನ್ನ ಸುಡ್ತಾ ಐತೆ ಗಂಗಿ." ಭೈರಮ್ಮನ ದನಿ ಒಡೆಯಿತು. "ರಾತ್ರಿಯೆಲ್ಲ ಸುಡ್ತು. ಬಸ್ ಬರೋ ಹೊತ್ಗೆ ನಾನೇ ಹೋಗಿ ಒಪ್ಕಂಬೇಕು ಅಂತಿದ್ದೆ. ದೇವ್ರಾಣೆ."

ಪುಟ್ಟಗಂಗಮ್ಮ ಅಂಬಲಿಯ ಅಂಟನ್ನು ಬಿಡಿಸಿ ಒಳಗಿನ ಹಾಳೆ ತೆಗೆದಳು. ಇಂಗ್ಲಿಷಿನ ದಪ್ಪಕ್ಷರದ ಪಟ್ಟಿಗಳನ್ನು ಅಂಟಿಸಿತ್ತು. ಬೆಳಕಿಗೆ ಹಿಡಿದು ಒಂದೊಂದೇ ಅಕ್ಷರ ಕೂಡಿಸಿದಳು. ಬೀರಲಿಂಗಯ್ಯ. ಅದು ಗೊತ್ತಾಯಿತು. ಮುಂದಿನ ಪದ ಗೊತ್ತಾಗಲಿಲ್ಲ. ಅದರ ಮುಂದಿನದೂ ಇಲ್ಲ.

ಎರಡನೆಯ ಸಾಲಿನಲ್ಲಿ ಅವಳ ಬೆರಳು ನಿಂತಿತು.

ಆ ಪದವನ್ನು ಅವಳು ಬಲ್ಲಳು. ತಾಯಿ ಮಲಗಿದ್ದ ಹದಿನೇಳು ದಿನ ತಿಪಟೂರಿನಲ್ಲಿ ದಿನಾ ಆ ಬೋರ್ಡಿನ ಕೆಳಗೆ ಕೂತಿದ್ದಳು. ಮೇಲೆ ಕನ್ನಡ, ಕೆಳಗೆ ಇಂಗ್ಲಿಷ್. ಎಂಟು ಅಕ್ಷರ. ಒಂದೊಂದೂ ನೆನಪಿತ್ತು.

"ದೊಡ್ಡವ್ವ," ಎಂದಳು. "ಇದು ಆಸ್ಪತ್ರೆ."

* * *

ಮೂರು ಹೆಂಗಸರು ಬಾಗಿಲು ದಾಟಿ ಬೀದಿಗೆ ಬಂದಾಗ ಹೊಂಗೆ ಮರದಡಿಯ ಮಚ್ಚುಗಳ ಸದ್ದು ಒಂದೊಂದಾಗಿ ನಿಂತಿತು. ಮುಂದೆ ಪುಟ್ಟಗಂಗಮ್ಮ. ಹಿಂದೆ ಸೊಸೆಯ ತೋಳು ಹಿಡಿದ ಭೈರಮ್ಮ.

ಜಗಲಿಯ ಮೇಲೆ ವೆಂಕಟಯ್ಯ ಕಾಗದಗಳನ್ನು ಕಟ್ಟಿಡುತ್ತಿದ್ದರು. ಮಾರಯ್ಯ ಎದ್ದು ಪಂಚೆಯ ಮಣ್ಣು ಒದರಿಕೊಳ್ಳುತ್ತಿದ್ದ. ಕೆಂಚಯ್ಯ ಕಂಬಕ್ಕೆ ಒರಗಿ ನಿಂತಿದ್ದ.

ಪುಟ್ಟಗಂಗಮ್ಮ ಎರಡು ದಿನದಲ್ಲಿ ಇನ್‌ಸ್ಪೆಕ್ಟರ ಎದುರು ಒಂದು ಮಾತೂ ಆಡಿರಲಿಲ್ಲ. ಈಗಲೂ ಲಕೋಟೆ ಹಿಡಿದ ಕೈಯನ್ನು ಮುಂದೆ ಚಾಚಿದಳು, ಅಷ್ಟೆ.

ಮೊದಲು ಕಂಡದ್ದು ಕೆಂಚಯ್ಯನಿಗೆ. ಅವನು ಕಂಬ ಬಿಟ್ಟು ನೆಟ್ಟಗಾದ. ಅವನ ಕಣ್ಣು ಲಕೋಟೆಯಿಂದ ಭೈರಮ್ಮನ ಮುಖಕ್ಕೆ ಹೋಯಿತು.

"ಸುಡ್ನಿಲ್ವಾ ಅತ್ಗೆ?"

ಬೀದಿಯೆಲ್ಲ ಕೇಳಿಸಿಕೊಂಡಿತು. ಯಾವ ತಂತಿಯೂ ನಮ್ಮನೆಗೆ ಬಂದಿಲ್ಲ ಎಂದು ಹೆಬ್ಬೆಟ್ಟು ಒತ್ತಿದವನು ಅವನು.

"ಏನಂದಿರಿ?" ವೆಂಕಟಯ್ಯನವರ ಕೈ ನಿಂತಿತು.

ವೆಂಕಟಯ್ಯ ಮೆಟ್ಟಿಲಿಳಿದು ಬಂದು ತಂತಿ ತೆಗೆದುಕೊಂಡರು.

"ಸಾ..." ಪುಟ್ಟಗಂಗಮ್ಮನ ದನಿ ಅವಳಿಗೇ ಕೇಳಿಸಲಿಲ್ಲ. ಮತ್ತೆ ಹೇಳಿದಳು. "ಸಾರ್, ಅದು ಆಸ್ಪತ್ರೆ ಅಂತ ತಾನೇ? ದೊಡ್ಡವ್ವಂಗೆ ಹೋದ ಅಂತ ಹೇಳವ್ರೆ."

ಅವರು ಒಂದು ಸಲ ಓದಿದರು. ಕನ್ನಡಕ ತೆಗೆದು ಒರೆಸಿ ಇನ್ನೊಂದು ಸಲ ಓದಿದರು.

"ಹೌದಮ್ಮ. ಆಸ್ಪತ್ರೆ." ಅವರು ಭೈರಮ್ಮನ ಕಡೆ ತಿರುಗಿದರು. "ಯಾರಮ್ಮ ನಿಮಗೆ ಹೋದ ಅಂತ ಹೇಳಿದ್ದು? ನಿಮ್ಮ ಮಗನಿಗೆ ಪೆಟ್ಟಾಗಿದೆ. ಸೈನ್ಯದ ಆಸ್ಪತ್ರೆಯಲ್ಲಿ ಇದ್ದಾನೆ. ಮಾತಾಡೋ ಸ್ಥಿತಿಯಲ್ಲಿಲ್ಲ, ಸ್ಥಿತಿ ಗಂಭೀರ. ಮನೆಯವರು ಕೂಡಲೇ ಬರಬಹುದು, ಹೊರಡೋದನ್ನ ತಂತಿ ಮಾಡಿ ತಿಳಿಸಿ ಅಂತ ಇದೆ."

ಸುವರ್ಣಮ್ಮನ ಬಾಯಿಂದ ಒಂದು ಸದ್ದು ಬಂತು. ಅಳುವೋ ನಗುವೋ ತಿಳಿಯಲಿಲ್ಲ. ಹಸಿರು ಬಳೆಯ ಎರಡೂ ಕೈಯಲ್ಲಿ ಅವಳು ಮುಖ ಮುಚ್ಚಿಕೊಂಡಳು. ರಾಮಕ್ಕ ಮಚ್ಚು ಬಿಸಾಡಿ ಓಡಿಬಂದಳು.

"ಆದರೆ ಇದು ಎಂಟನೇ ತಾರೀಖಿಂದು" ಎಂದರು ವೆಂಕಟಯ್ಯ, ತಮಗೆ ತಾವೇ ಹೇಳಿಕೊಳ್ಳುವಂತೆ. "ಇವತ್ತು ಹದಿನಾಲ್ಕು."

ದಬ್ಬೇಘಟ್ಟದ ತಿರುವಿನಲ್ಲಿ ಬಸ್ಸಿನ ಹಾರನ್ ಕೇಳಿಸಿತು.

ವೆಂಕಟಯ್ಯ ಜಗಲಿಯ ಮೇಲಿದ್ದ ಖಾಕಿ ಚೀಲವನ್ನು ಎತ್ತಿ ಮಾರಯ್ಯನ ಕೈಗೆ ಕೊಟ್ಟರು. "ಸುಳ್ಳು ಹೆಬ್ಬೆಟ್ಟಿನ ವಿಚಾರ ಆಮೇಲೆ ನೋಡೋಣ. ಈಗ ಓಡಿ ಬಸ್ ನಿಲ್ಸಿ. ಯಾರಮ್ಮ ಹೊರಡ್ತೀರಿ? ತಿಪಟೂರಿನಲ್ಲಿ ರೈಲು ಹತ್ತಿಸೋ ತನಕ ನಾನು ಜೊತೆಗಿರ್ತೀನಿ."

ಮಾರಯ್ಯ ಚೀಲವನ್ನು ಹೆಗಲಿಗೆ ಹಾಕಿಕೊಳ್ಳಲಿಲ್ಲ. ಎದೆಗೆ ಅವುಚಿಕೊಂಡು ಹಾಗೇ ಓಡಿದ.

"ನಾನ್ ಹೋಯ್ತೀನಿ" ಎಂದಳು ಭೈರಮ್ಮ. "ಸುವರ್ಣ, ಆ ಮೂಟೆಯಿಂದ ನಾಕು ಕೊಬ್ರಿ ತೆಗೀ. ಅವ್ನ ರಾಶೀದು. ಅವ್ನ್ ಕೈಗೇ ಕೊಡ್ತೀನಿ."

"ಹೋಗ್ಬೇಡ ಅತ್ಗೆ."

ಕೆಂಚಯ್ಯ ಮೆಟ್ಟಿಲ ಮೇಲೆ ಕೂತುಬಿಟ್ಟಿದ್ದ. ತಪ್ಪು ಸಿಕ್ಕಿಬಿದ್ದವನ ಮುಖವಲ್ಲ ಅದು. ಎಷ್ಟೋ ದಿನದಿಂದ ನಿದ್ದೆಯಿಲ್ಲದವನ ಮುಖ. ಆ ಮುಖವನ್ನು ತಾನು ಇಷ್ಟು ದಿನ ಸರಿಯಾಗಿ ನೋಡಿಯೇ ಇಲ್ಲವೆಂದು ಪುಟ್ಟಗಂಗಮ್ಮನಿಗೆ ಅನ್ನಿಸಿತು.

"ಇನ್ನೂ ಏನ್ಲಾ ಹೇಳ್ತೀಯ?" ಭೈರಮ್ಮ ಕಿರುಚಿದಳು. "ಬದುಕಿರೋ ನನ್ನ ಮಗನ್ನ ಸತ್ತ ಅಂದ್ಯಲ್ಲೋ ಪಾಪಿ! ಇನ್ನೂ ಏನ್ ಉಳಿದದೆ ನಿನ್ ಬಾಯಲ್ಲಿ?"

"ತಂತೀಲಿರೋದು ನಂಗೆ ಗೊತ್ತಿತ್ತು ಅತ್ಗೆ. ಆಸ್ಪತ್ರೆ ಅಂತಾನೇ ಓದಿ ಹೇಳಿದ್ರು. ಅದಕ್ಕೇ ಸುಡು ಅಂದೆ." ಅವನ ಕೈ ಅಂಗಿಯ ಒಳಜೇಬಿಗೆ ಹೋಯಿತು. ನಾಲ್ಕು ಮಡಿಕೆಯಾದ ಒಂದು ಕಾಗದ ಹೊರಗೆ ಬಂತು. ಮಡಿಸಿ ಬಿಚ್ಚಿ ಅಂಚು ಸವೆದಿತ್ತು.

ಪುಟ್ಟಗಂಗಮ್ಮ ಆ ಮುದ್ರೆಯನ್ನು ದೂರದಿಂದಲೇ ಗುರುತಿಸಿದಳು. ಗುರುವಾರದ ಕಾಗದ.

ಬಸ್ಸು ಬಂದು ಹೊಂಗೆ ಮರದ ಆಚೆ ನಿಂತಿತು. ಮಾರಯ್ಯ ಬಾಗಿಲು ಹಿಡಿದು ಕೂಗುತ್ತಿದ್ದ. ಭೈರಮ್ಮ ಒಂದು ಹೆಜ್ಜೆ ಅತ್ತ ಇಟ್ಟಿದ್ದಳು.

"ಇದನ್ನ ಬರ್ದೋನು ಅವ್ನ ಜೊತೆ ಕಡೇಗಂಟ ಇದ್ದ ಜವಾನ. ಆ ಆಸ್ಪತ್ರೇಲಿ ನಮ್ಮ ಬೀರಲಿಂಗನ ಹೆಸ್ರಲ್ಲಿ ಮಲಗಿರೋನು," ಎಂದ ಕೆಂಚಯ್ಯ, "ನಮ್ಮ ಬೀರಲಿಂಗ ಅಲ್ಲ ಅತ್ಗೆ."